ನಮ್ಮೂರೂ ಒಂದು ರಾಜಧಾನಿಯಾಗಿತ್ತು



"ದೇಶ ಸುತ್ತು, ಕೋಶ ಓದು" ಎಂದು ನಮ್ಮ ಹಿರಿಯರು ಹೇಳಿದ್ದಾರೆ. ಭೂಮಿಯ ಮೇಲೆ ಸಂಚರಿಸಿ, ಹಿಂದೆ ಬಾಳಿ ಹೋದವರ ಗತಿ ಏನಾಯಿತೆಂದು ನೋಡಬೇಕು ಎಂದು ಪವಿತ್ರ ಕುರ್‌ಆನ್ ಸಹ ಹಲವೆಡೆ ಕರೆ ಕೊಡುತ್ತದೆ. ಆದರೆ ಸುತ್ತುವುದೆಂದರೆ ನಮಗೆಲ್ಲ ದೂರದ ಊರುಗಳೇ ನೆನಪಾಗುತ್ತವೆ. ಮನೆಯಿಂದ ಅರ್ಧ ತಾಸು ನಡೆದರೆ ಸಿಗುವ ಜಾಗವನ್ನು ನಾವು ನೋಡಿರುವುದಿಲ್ಲ. ಅಂಥ ಒಂದು ನಡಿಗೆಯ ಅನುಭವವನ್ನು ನಿಮ್ಮ ಮುಂದೆ ಇಡುವುದು ಈ ಲೇಖನದ ಉದ್ದೇಶ.

ಒಮ್ಮೆ ಒಂಬತ್ತನೆಯ ತರಗತಿಯಲ್ಲಿ ಮಕ್ಕಳಿಗೆ, "ನಿಮಗೆ ಗೊತ್ತಿರುವ ಹಳೆಯ ರಾಜಧಾನಿಗಳ ಹೆಸರು ಹೇಳಿರಿ" ಎಂದು ಕೇಳಿದೆ. ದೆಹಲಿ, ಆಗ್ರಾ, ಹಂಪಿ, ಬಿಜಾಪುರ, ಬೀದರ್, ಶ್ರೀರಂಗಪಟ್ಟಣ ಎಂದು ಹತ್ತಾರು ಹೆಸರುಗಳು ಬಂದವು. ಬೆಳಗಾವಿಯ ಹೆಸರನ್ನು ಒಬ್ಬರೂ ಹೇಳಲಿಲ್ಲ. ಖಾನಾಪುರ ತಾಲೂಕಿನ ಹಲಸಿಯ ಹೆಸರಂತೂ ಯಾರ ಬಾಯಿಂದಲೂ ಬರಲಿಲ್ಲ. ಹಲಸಿಯ ಹತ್ತಿರದ ಹಳ್ಳಿಯಿಂದ ಬಂದು ಇಲ್ಲಿ ಸಂಬಂಧಿಕರ ಮನೆಯಲ್ಲಿದ್ದು ಓದುತ್ತಿದ್ದ ಹುಡುಗನೂ ಸುಮ್ಮನೆ ಕುಳಿತಿದ್ದ.

ತಪ್ಪು ಮಕ್ಕಳದ್ದಲ್ಲ. ಉರ್ದುವಿನಲ್ಲಿ ಇತಿಹಾಸಕ್ಕೆ "ತಾರೀಖ್" ಎನ್ನುತ್ತೇವೆ. ದಿನಾಂಕಕ್ಕೂ ಅದೇ ಶಬ್ದ. ಕನ್ನಡಕ್ಕೆ ಈ ಶಬ್ದ ಬರುವಾಗ ಇತಿಹಾಸ ಎಂಬ ಅರ್ಥ ಹಿಂದೆ ಉಳಿದು "ತಾರೀಖು" ಮಾತ್ರ ಬಂದಿತು. ನಮ್ಮ ತರಗತಿಗಳಲ್ಲಿಯೂ ಹಾಗೆಯೇ ಆಗಿದೆ. ಇತಿಹಾಸ ಹೋಗಿ ತಾರೀಖು ಉಳಿದಿದೆ. ಮಕ್ಕಳು ಇಸವಿಗಳನ್ನು ಬಾಯಿಪಾಠ ಮಾಡಿ ಪರೀಕ್ಷೆಯಲ್ಲಿ ಬರೆದು ಮರೆತುಬಿಡುತ್ತಾರೆ.

ಎಪ್ಪತ್ತು ಮಕ್ಕಳ ಪ್ರವಾಸ

ಮೊದಲು ನನ್ನ ತಪ್ಪನ್ನೇ ಹೇಳುತ್ತೇನೆ. ಬಿ.ಎಡ್. ಮುಗಿಸಿ ಕೆಲಸಕ್ಕೆ ಸೇರಿದ ಹೊಸತರಲ್ಲಿ ಎಪ್ಪತ್ತು ಮಕ್ಕಳನ್ನು ಕರೆದುಕೊಂಡು ಬೆಳಗಾವಿ ಕೋಟೆಗೆ ಹೋಗಿದ್ದೆ. ಮುಂದಿನ ಸಾಲಿನವರಿಗೆ ನನ್ನ ಮಾತು ಕೇಳಿಸಿತು. ಹಿಂದಿನವರು ಐಸ್‌ಕ್ರೀಮ್ ಗಾಡಿಯ ಹತ್ತಿರ ಹೋಗಿದ್ದರು. ಹಾಜರಿ ಎಣಿಸುವುದರಲ್ಲಿಯೇ ಅರ್ಧ ದಿನ ಕಳೆಯಿತು. "ಈ ಕಿಲ್ಲಾ ಯಾರು ಕಟ್ಟಿಸಿದ್ರು ಸರ್?" ಎಂದು ಒಬ್ಬ ಹುಡುಗ ಕೇಳಿದಾಗ, "ಆದಿಲ್‌ಶಾಹಿಗಳು" ಎಂದು ಧೈರ್ಯದಿಂದ ಹೇಳಿಬಿಟ್ಟೆ. ಸಫಾ ಮಸೀದಿಯ ಕಂಬದ ಮೇಲಿನ ಬರಹವನ್ನು ತೋರಿಸಿ ಇನ್ನೊಬ್ಬನು, "ಇದು ಉರ್ದೂನೂ ಅಲ್ಲ, ಕನ್ನಡಾನೂ ಅಲ್ಲ, ಏನ್ರಿ ಸರ್ ಇದು?" ಎಂದ. ನನಗೆ ಉತ್ತರ ಗೊತ್ತಿರಲಿಲ್ಲ. "ಬಸ್ಸಿಗೆ ಹೊತ್ತಾಯ್ತು, ನಡೀರಿ" ಎಂದೆ.

ಆ ಮಾತು ಬಹಳ ದಿನ ನನ್ನನ್ನು ಕಾಡಿತು. ಮಕ್ಕಳು ಕೇಳಿದ್ದು ಎರಡೇ ಪ್ರಶ್ನೆ. ಒಂದಕ್ಕೆ ತಪ್ಪು ಉತ್ತರ ಕೊಟ್ಟಿದ್ದೆ, ಇನ್ನೊಂದರಿಂದ ಓಡಿಹೋಗಿದ್ದೆ. ಆಮೇಲೆ ಗ್ರಂಥಾಲಯದಲ್ಲಿ ಕುಳಿತು ಜಿಲ್ಲೆಯ ಇತಿಹಾಸ ಓದಿದೆ. ನಂತರ ಹನ್ನೆರಡೇ ಮಕ್ಕಳ ಗುಂಪು ಮಾಡಿದೆ. ಎಂಟು ಮಕ್ಕಳು ಉರ್ದು ಮಾಧ್ಯಮದವರು, ನಾಲ್ವರು ಕನ್ನಡ ಮಾಧ್ಯಮದವರು. ಒಂದು ಭಾನುವಾರ ಮುಂಜಾನೆ ಏಳು ಗಂಟೆಗೆ ಕೋಟೆ ಕೆರೆಯ ದಂಡೆಯಿಂದ ಹೊರಟೆವು.

ವೇಣುಗ್ರಾಮದ ಬಾಗಿಲಲ್ಲಿ

ಬೆಳಗಾವಿಯ ಹಳೆಯ ಹೆಸರು ವೇಣುಗ್ರಾಮ. ವೇಣು ಎಂದರೆ ಬಿದಿರು. ನಾವು ನಿನ್ನೆ ಮೊನ್ನೆಯವರೆಗೆ ಬೆಳಗಾಂ ಎನ್ನುತ್ತಿದ್ದೆವು. 2014ರ ನವೆಂಬರ್ 1ರಿಂದ ಅಧಿಕೃತವಾಗಿ ಬೆಳಗಾವಿ ಎಂದಾಯಿತು. ಈ ಊರನ್ನು ರಾಜಧಾನಿ ಮಾಡಿಕೊಂಡವರು ರಟ್ಟರು. ಅವರ ಮೊದಲ ರಾಜಧಾನಿ ಸವದತ್ತಿ, ಆಗಿನ ಸುಗಂಧವರ್ತಿ. ಅವರು ಆಳಿದ ನಾಡಿಗೆ ಕೂಂಡಿ ಮೂರು ಸಾವಿರ ಎಂಬ ಹೆಸರಿತ್ತು. ಹದಿಮೂರನೆಯ ಶತಮಾನದ ಆರಂಭದಲ್ಲಿ ನಾಲ್ಕನೆಯ ಕಾರ್ತವೀರ್ಯನು ತನ್ನ ತಮ್ಮ ಮಲ್ಲಿಕಾರ್ಜುನನೊಡನೆ ವೇಣುಗ್ರಾಮದಿಂದ ರಾಜ್ಯಭಾರ ಮಾಡಿದನು. ಕೋಟೆಯ ಮೂಲವೂ ರಟ್ಟರ ಕಾಲದ್ದೇ. ಈಗ ಕಾಣುವ ಭದ್ರವಾದ ಗೋಡೆಗಳಿಗೆ ರೂಪ ಕೊಟ್ಟವನು ಬಿಜಾಪುರದ ಅಧಿಕಾರಿ ಯಾಕೂಬ್ ಅಲಿ ಖಾನ್. ಮೊದಲ ಪ್ರವಾಸದಲ್ಲಿ ನಾನು ಕೊಟ್ಟ ಉತ್ತರ ಶತಮಾನಗಳಷ್ಟು ತಪ್ಪಾಗಿತ್ತು! ಅದನ್ನು ಈ ಸಲ ಮಕ್ಕಳ ಮುಂದೆಯೇ ಒಪ್ಪಿಕೊಂಡೆ. ಅವರು ನಕ್ಕರು. ಆ ನಂತರ ಅವರಿಗೂ ಪ್ರಶ್ನೆ ಕೇಳುವ ಧೈರ್ಯ ಬಂದಿತು.

ಕೋಟೆಯ ಆಕಾರ ಮೊಟ್ಟೆಯಂತಿದೆ. ಸುತ್ತಲೂ ಮೆತ್ತನೆಯ ಕೆಂಪು ಕಲ್ಲಿನಲ್ಲಿ ಅಗೆದ ಆಳವಾದ ಕಂದಕವಿದೆ. ಬಾಗಿಲ ಬಳಿ ಗಣಪತಿ ಮತ್ತು ದುರ್ಗೆಯ ಗುಡಿಗಳಿವೆ. ದುರ್ಗ ಎಂದರೆ ಕೋಟೆ ಎಂದೇ ಅರ್ಥ ಎಂದು ಕನ್ನಡ ಮಾಧ್ಯಮದ ಹುಡುಗಿಯೊಬ್ಬಳು ಹೇಳಿದಳು. ಆಗ ಉರ್ದು ಮಾಧ್ಯಮದ ಹುಡುಗನು, ನಾವು ದಿನಾಲು ಹೇಳುವ ಕಿಲ್ಲಾ ಎಂಬುದು ಅರಬ್ಬಿಯಿಂದ ಬಂದ ಶಬ್ದ ಎಂದ. ಅಲ್ಲಿಯೇ ಒಂದು ಪಾಠ ಆಯಿತು. ಕೋಟೆ, ದುರ್ಗ, ಕಿಲ್ಲಾ ಎಂಬ ಮೂರು ಶಬ್ದಗಳಿಗೂ ಗೋಡೆ ಒಂದೇ.

ಎಪ್ಪತ್ತೆರಡು ದಳಗಳ ಕಮಲ

ಕೋಟೆಯೊಳಗೆ ನಮ್ಮ ಮೊದಲ ನಿಲ್ದಾಣ ಕಮಲ ಬಸದಿ. ಕಾರ್ತವೀರ್ಯನ ಮಂತ್ರಿ ಬೀಚಣನು 1204ರಲ್ಲಿ ಕಟ್ಟಿಸಿದ ಜಿನಾಲಯವಿದು. ಒಳಗೆ ಕಪ್ಪು ಕಲ್ಲಿನ ನೇಮಿನಾಥನ ಮೂರ್ತಿ ಇದೆ. ಮುಖಮಂಟಪದ ಛಾವಣಿಯಿಂದ ಕೆಳಮುಖವಾಗಿ ಅರಳಿರುವ ಕಲ್ಲಿನ ಕಮಲದಿಂದಲೇ ಈ ಬಸದಿಗೆ ಕಮಲ ಬಸದಿ ಎಂದು ಹೆಸರು ಬಂದಿದೆ. ಆ ಕಮಲದ ದಳಗಳು 72. ಹಿಂದಿನ, ಇಂದಿನ ಮತ್ತು ಮುಂದಿನ ಕಾಲಗಳ ತಲಾ 24 ತೀರ್ಥಂಕರರ ಸಂಕೇತವಿದು. ಮಕ್ಕಳು ಪಾದರಕ್ಷೆ ಹೊರಗೆ ಬಿಟ್ಟು, ತಲೆ ಮೇಲೆತ್ತಿ ದಳಗಳನ್ನು ಎಣಿಸಲು ನಿಂತರು. ಒಬ್ಬನಿಗೆ 70 ಬಂದವು, ಇನ್ನೊಬ್ಬಳಿಗೆ 74. ಅಲ್ಲಿದ್ದ ಹಿರಿಯರೊಬ್ಬರು ನಗುತ್ತ, "ಅವಸರ ಮಾಡಬ್ಯಾಡ್ರಿ, ಎಂಟು ನೂರು ವರ್ಷದಿಂದ ಅಲ್ಲೇ ಅದಾವ" ಎಂದು ಹೇಳಿ ಎಲ್ಲರಿಗೂ ಕುಡಿಯಲು ನೀರು ಕೊಟ್ಟರು.

ಈ ಬಸದಿಗೆ ಸಂಬಂಧಿಸಿದ 1204ರ ಎರಡು ಶಾಸನಗಳು ಬಹಳ ಮಹತ್ವದವು. ರಟ್ಟ ಜಿನಾಲಯಕ್ಕೆ ಅರಸನು ದತ್ತಿ ಬಿಟ್ಟ ಸಂಗತಿ ಅವುಗಳಲ್ಲಿದೆ. ವೇಣುಗ್ರಾಮದ ವ್ಯಾಪಾರಿಗಳೂ ಪೇಟೆಗೆ ಬರುವ ಸರಕಿನಲ್ಲಿ ಜಿನಾಲಯಕ್ಕೆ ಪಾಲು ಕೊಡಲು ಒಪ್ಪಿಕೊಂಡಿದ್ದರು. ಅವರಲ್ಲಿ ಇಲ್ಲಿನವರಷ್ಟೇ ಅಲ್ಲ, ಲಾಟ ದೇಶದ ಅಂದರೆ ಗುಜರಾತದ ಕಡೆಯ ವರ್ತಕರಿದ್ದರು, ಮಲಯಾಳದ ವರ್ತಕರೂ ಇದ್ದರು. ಎಂಟು ನೂರು ವರ್ಷಗಳ ಹಿಂದೆಯೇ ಬೆಳಗಾವಿಯ ಪೇಟೆಯಲ್ಲಿ ಹಲವು ಭಾಷೆಯ ಜನ ನೆರೆಯುತ್ತಿದ್ದರು. ಇಂದು ಖಡೇಬಜಾರದಲ್ಲಿ ನಿಂತರೆ ಕನ್ನಡ, ಮರಾಠಿ, ಉರ್ದು, ಕೊಂಕಣಿ ಎಲ್ಲ ಕೇಳಿಸುತ್ತವೆ. ಇದು ಹೊಸತೇನಲ್ಲ, ಊರಿನ ಹುಟ್ಟುಗುಣ.

ಆ ಎರಡು ಕಲ್ಲುಗಳು ಈಗ ಇಲ್ಲಿಲ್ಲ, ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ. 1818ರಲ್ಲಿ ಕೋಟೆ ಬ್ರಿಟಿಷರ ವಶವಾಯಿತು; ಕಲ್ಲುಗಳು ಸಮುದ್ರ ದಾಟಿದ್ದೂ ಅವರ ಆಳ್ವಿಕೆಯಲ್ಲಿಯೇ. "ನಮ್ಮೂರ ಕಲ್ಲು ಓದಾಕ ಲಂಡನ್ನಿಗೆ ಹೋಗಬೇಕೇನ್ರಿ ಸರ್?" ಎಂದು ಒಬ್ಬ ಕೇಳಿದ. ಅವುಗಳ ಪಾಠವನ್ನು ವಿದ್ವಾಂಸರು ಅಚ್ಚು ಹಾಕಿಸಿದ್ದಾರೆ, ಹಳಗನ್ನಡ ಕಲಿತರೆ ಇಲ್ಲಿಯೇ ಕುಳಿತು ಓದಬಹುದು ಎಂದೆ.

ಮಸೀದಿಯ ಕಂಬ

ಅಲ್ಲಿಂದ ಸಫಾ ಮಸೀದಿಗೆ ಬಂದೆವು. ಇದನ್ನು ಸುಮಾರು 1519ರಲ್ಲಿ ಕಟ್ಟಿಸಿದವನು ಆದಿಲ್‌ಶಾಹಿಗಳ ಸರದಾರ, ಬೆಳಗಾವಿಯ ಅಧಿಪತಿ ಅಸದ್ ಖಾನ್ ಲಾರಿ. ಇಲ್ಲಿಯ ಎರಡು ಕಂಬಗಳ ಮೇಲೆ ಶಾಸನಗಳಿವೆ. ಒಂದು 1199ರದು, ಅದೇ ರಟ್ಟ ಕಾರ್ತವೀರ್ಯನದು. ಇನ್ನೊಂದು 1261ರದು, ರಟ್ಟರ ನಂತರ ಈ ನಾಡನ್ನು ಆಳಿದ ದೇವಗಿರಿಯ ಸೇವುಣರ ಅರಸ ಕೃಷ್ಣನದು. ಭಾಷೆ ಕನ್ನಡ, ಲಿಪಿ ನಾಗರಿ.

ಮೊದಲ ಪ್ರವಾಸದಲ್ಲಿ ನಾನು ಓಡಿಹೋದದ್ದು ಈ ಕಂಬದಿಂದಲೇ. ಈ ಸಲ ಮಕ್ಕಳಿಗೇ ಬಿಟ್ಟುಕೊಟ್ಟೆ. ಕನ್ನಡ ಮಾಧ್ಯಮದ ಹುಡುಗಿ, "ಇದು ಹಿಂದಿ ಅಕ್ಷರದಂಗ ಐತ್ರಿ ಸರ್" ಎಂದು ಎರಡು ಮೂರು ಅಕ್ಷರಗಳನ್ನು ಗುರುತು ಹಿಡಿದಳು. ಅವಳು ಹೇಳಿದ್ದನ್ನು ಉರ್ದು ಮಾಧ್ಯಮದ ಹುಡುಗಿ ತನ್ನ ವಹಿಯಲ್ಲಿ ಬರೆದುಕೊಂಡಳು. ನಾನು ಅದಕ್ಕೆ ಕನ್ನಡದ ಅರ್ಥ ಕೂಡಿಸಿದೆ. ಉರ್ದು ಮಾತನಾಡುವ ಮಕ್ಕಳು, ಹಿಂದಿ ತರಗತಿಯಲ್ಲಿ ಕಲಿತ ಲಿಪಿಯ ನೆರವಿನಿಂದ, ಮಸೀದಿಯಲ್ಲಿ ನಿಂತು ಕನ್ನಡ ಶಾಸನ ನೋಡುತ್ತಿದ್ದರು. ಇಷ್ಟು ವರ್ಷಗಳ ನನ್ನ ಅಧ್ಯಾಪನದಲ್ಲಿ ಇದಕ್ಕಿಂತ ಒಳ್ಳೆಯ ಭಾಷಾಪಾಠವನ್ನು ನಾನು ಕಂಡಿಲ್ಲ.

ಆಗ ಆ ಹುಡುಗಿ ಕೇಳಿದಳು: "ಸರ್, ಮಸೀದಿ ಕಟ್ಟಿದ್ದು 1519ರಾಗ. ಬರದದ್ದು 1199ರಾಗ. ಹಂಗಾದ್ರ ಈ ಕಂಬ ಮೊದಲ ಎಲ್ಲಿತ್ತು?"

ಎಲ್ಲರೂ ನನ್ನ ಮುಖ ನೋಡಿದರು. ಇಂಥ ಪ್ರಶ್ನೆಗೆ ನಮ್ಮಲ್ಲಿ ಅನೇಕರು ಹೆದರುತ್ತೇವೆ. ಉತ್ತರ ಹೇಳಿದರೆ ಯಾರಾದರೂ ಅದನ್ನು ಜಗಳಕ್ಕೆ ಬಳಸಿಯಾರು ಎಂಬ ಅಳುಕು ಇರುತ್ತದೆ. ನನಗೂ ಇತ್ತು. ಆದರೂ ಹೇಳಿದೆ: "ಈ ಕಂಬ ಮೊದಲು ಬೇರೆ ಕಟ್ಟಡದಲ್ಲಿತ್ತು. ಅದು ರಟ್ಟರ ಕಾಲದ್ದು. ಆ ಕಾಲದಲ್ಲಿ ಒಬ್ಬರ ರಾಜ್ಯ ಬಿದ್ದಾಗ ಅವರ ಕಲ್ಲು ಇನ್ನೊಬ್ಬರ ಕಟ್ಟಡಕ್ಕೆ ಹೋಗುತ್ತಿತ್ತು. ಅದನ್ನು ಮುಚ್ಚಿಡಬೇಕಾಗಿಲ್ಲ, ಅದಕ್ಕಾಗಿ ಇಂದು ಯಾರೊಡನೆಯೂ ಹೊಡೆದಾಡಬೇಕಾಗಿಯೂ ಇಲ್ಲ. ಅಕ್ಷರ ಉಳಿದಿದೆ. ಉಳಿದದ್ದನ್ನು ಓದಿ ಕಾಪಾಡುವುದು ನಮ್ಮ ಕೆಲಸ."

ಹುಡುಗಿ ತಲೆಯಾಡಿಸಿ ಬರೆದುಕೊಂಡಳು. ಈ ಪ್ರಶ್ನೆಯನ್ನು ಶಿಕ್ಷಕನಾದ ನಾನು ತಪ್ಪಿಸಿದ್ದರೆ, ನಾಳೆ ಇದೇ ಪ್ರಶ್ನೆಗೆ ಬೀದಿಯಲ್ಲಿ ಯಾರೋ ಸಿಟ್ಟಿನಿಂದ ಉತ್ತರ ಹೇಳುತ್ತಿದ್ದರು. ಅದು ಅವಳ ಮನಸ್ಸಿನಲ್ಲಿ ನಾಚಿಕೆಯಾಗಿಯೋ ದ್ವೇಷವಾಗಿಯೋ ಬೇರೂರುತ್ತಿತ್ತು.

ಒಬ್ಬನೇ ಮನುಷ್ಯ, ಎರಡು ಕೆಲಸ

ಕೋಟೆ ಬಹಮನಿಗಳ ಕೈಸೇರಿದ್ದು 1472ರ ಸುಮಾರಿಗೆ. ಸುಲ್ತಾನ ಮೂರನೆಯ ಮಹಮ್ಮದ್ ಶಾಹನೊಡನೆ ಈ ದಂಡಯಾತ್ರೆಗೆ ಬಂದವನು ಅವನ ವಜೀರ ಮಹಮೂದ್ ಗವಾನ್. ಸುರಂಗ ತೋಡಿ, ಮದ್ದು ತುಂಬಿ, ಗೋಡೆ ಹಾರಿಸಿ ಕೋಟೆ ಗೆದ್ದರೆಂದು ಬಿಜಾಪುರದಲ್ಲಿದ್ದ ಇತಿಹಾಸಕಾರ ಫಿರಿಶ್ತಾ ಬರೆದಿದ್ದಾನೆ. ಇದೇ ಗವಾನ್ ಅದೇ ಹೊತ್ತಿಗೆ ಬೀದರಿನಲ್ಲಿ ತನ್ನ ಹೆಸರಾಂತ ಮದರಸಾವನ್ನು ಕಟ್ಟಿ ಮುಗಿಸಿದನು. ಅಲ್ಲಿ ದೊಡ್ಡ ಗ್ರಂಥಭಂಡಾರವಿತ್ತು. ದೂರದ ದೇಶಗಳಿಂದ ವಿದ್ವಾಂಸರು ಬಂದು ಪಾಠ ಹೇಳುತ್ತಿದ್ದರು. ಕೊನೆಗೆ 1481ರಲ್ಲಿ, ಅವನ ಮುದ್ರೆಯಿದ್ದ ಖಾಲಿ ಕಾಗದದ ಮೇಲೆ ಶತ್ರುಗಳು ಸುಳ್ಳು ಪತ್ರ ಬರೆದು ಸುಲ್ತಾನನಿಗೆ ತೋರಿಸಿದರು. ವಿಚಾರಿಸದೆ ಸುಲ್ತಾನನು ಅವನನ್ನು ಕೊಲ್ಲಿಸಿದನು. ರಾಜ್ಯ ಒಡೆಯಲು ಹೆಚ್ಚು ಕಾಲ ಬೇಕಾಗಲಿಲ್ಲ.

ನಮ್ಮ ಭಾಷಣಗಳಲ್ಲಿ ಗವಾನನ ಮದರಸಾದ ಹೆಸರು ಬಹಳ ಸಲ ಬರುತ್ತದೆ, ಬೆಳಗಾವಿಯ ಮದ್ದಿನ ಸುರಂಗದ ಮಾತು ಬರುವುದಿಲ್ಲ. ಬೇರೆಯವರ ಭಾಷಣಗಳಲ್ಲಿ ಸುರಂಗ ಬಂದರೆ ಮದರಸಾ ಬರುವುದಿಲ್ಲ. ವಿದ್ಯಾರ್ಥಿಗಳೇ, ನೀವು ಎರಡನ್ನೂ ಒಟ್ಟಿಗೆ ನೆನಪಿಡಿ. ಅರ್ಧ ಹೇಳಿದ ಇತಿಹಾಸ ಸುಳ್ಳು ಪತ್ರದಂತೆಯೇ. ಮುದ್ರೆ ನಿಜವಿರುತ್ತದೆ, ಬರಹ ಬೇರೆಯದಾಗಿರುತ್ತದೆ.

ನಮ್ಮ ಆ ದಿನದ ಕೊನೆಯ ನಿಲ್ದಾಣ ಕ್ಯಾಂಪಿನಲ್ಲಿರುವ ಅಸದ್ ಖಾನನ ದರ್ಗಾ. 1549ರಲ್ಲಿ ತೀರಿಕೊಂಡ ಆ ಸರದಾರನ ಸಮಾಧಿಗೆ ಇಂದೂ ಎಲ್ಲ ಸಮಾಜದವರು ಬರುತ್ತಾರೆ. ಕಾರ್ತವೀರ್ಯನ ವಂಶ ಉಳಿಯಲಿಲ್ಲ, ಅಸದ್ ಖಾನನ ಅಧಿಕಾರವೂ ಉಳಿಯಲಿಲ್ಲ. ಎಂಟು ಶತಮಾನಗಳ ಊರನ್ನು ನಾವು ಮೂರು ತಾಸಿನಲ್ಲಿ ನಡೆದು ಮುಗಿಸಿದ್ದೆವು.

ಹಲಸಿ: ಇನ್ನೂ ಹಳೆಯ ರಾಜಧಾನಿ

ಬೆಳಗಾವಿಯ ನಡಿಗೆ ಮುಗಿದ ಮೇಲೆ ಮಕ್ಕಳೇ, "ಮುಂದಿನ ರಾಜಧಾನಿ ಯಾವಾಗ ಸರ್?" ಎಂದು ಬೆನ್ನು ಹತ್ತಿದರು. ಇನ್ನೊಂದು ಭಾನುವಾರ ಅದೇ ಗುಂಪಿನೊಡನೆ ಖಾನಾಪುರಕ್ಕೆ ಹೋದೆ. ಮಲಪ್ರಭೆಯ ದಂಡೆಯ ಈ ಊರು ಹಂಚು, ಮಡಕೆಗಳಿಗೆ ಹೆಸರಾದದ್ದು. ಅಲ್ಲಿಂದ ನಂದಗಡದ ದಾರಿ ಹಿಡಿದು ಹಲಸಿಗೆ ಹೋದೆವು. ನಂದಗಡ ಎಂದರೆ 1831ರಲ್ಲಿ ಸಂಗೊಳ್ಳಿ ರಾಯಣ್ಣನನ್ನು ಬ್ರಿಟಿಷರು ಗಲ್ಲಿಗೇರಿಸಿದ ಊರು. ಅಲ್ಲಿ ಇಳಿದು ಕ್ಷಣಕಾಲ ಮೌನವಾಗಿ ನಿಂತು ಮುಂದೆ ಸಾಗಿದೆವು.

ಹಲಸಿಯ ಹಳೆಯ ಹೆಸರು ಪಲಾಶಿಕಾ. ಬನವಾಸಿಯ ಕದಂಬರಿಗೆ ಇದು ಎರಡನೆಯ ರಾಜಧಾನಿ. ಹತ್ತೊಂಬತ್ತನೆಯ ಶತಮಾನದಲ್ಲಿ ಊರ ಹೊರಗಿನ ಚಕ್ರತೀರ್ಥ ಎಂಬ ಬಾವಿಯ ಬಳಿಯ ಮಣ್ಣಿನ ದಿಬ್ಬದಲ್ಲಿ ತಾಮ್ರಪಟಗಳು ಸಿಕ್ಕವು. ಅವುಗಳಲ್ಲಿ ಒಂದು, ಐದನೆಯ ಶತಮಾನದ ಕಾಕುಸ್ಥವರ್ಮನದು. ತನ್ನನ್ನು ಕಾಪಾಡಿದ ಶ್ರುತಕೀರ್ತಿ ಎಂಬ ಸೇನಾಪತಿಗೆ ಅವನು ಹೊಲವೊಂದನ್ನು ದಾನ ಕೊಟ್ಟ ಸಂಗತಿ ಅದರಲ್ಲಿದೆ. ಅವನ ಮೊಮ್ಮಗ ಮೃಗೇಶವರ್ಮನು ತಂದೆಯ ನೆನಪಿಗಾಗಿ ಇಲ್ಲಿ ಜಿನಾಲಯ ಕಟ್ಟಿಸಿದನು. ಮುಂದೆ ಗೋವೆಯ ಕದಂಬರ ಕಾಲದಲ್ಲಿಯೂ ಹಲಸಿ ರಾಜಧಾನಿಯ ಮನ್ನಣೆ ಪಡೆಯಿತು. ಆ ಕಾಲದ, ಹನ್ನೆರಡನೆಯ ಶತಮಾನದ ಭೂವರಾಹ ನರಸಿಂಹ ದೇವಾಲಯದಲ್ಲಿ ಎರಡು ಗರ್ಭಗುಡಿಗಳು ಎದುರುಬದುರಾಗಿವೆ.

ಆ ತಾಮ್ರಪಟಗಳ ಭಾಷೆ ಸಂಸ್ಕೃತ. ಆದರೆ ಲಿಪಿ ಇಂದಿನ ಕನ್ನಡ ಲಿಪಿಯ ಪೂರ್ವಜ. ಅಂದರೆ ನಮ್ಮ ಉರ್ದು ಮಾಧ್ಯಮದ ಮಕ್ಕಳು ಪರೀಕ್ಷೆಯ ಹಿಂದಿನ ರಾತ್ರಿ ಕಷ್ಟಪಟ್ಟು ತಿದ್ದುವ ಕನ್ನಡ ಅಕ್ಷರಗಳ ಹಳೆಯ ರೂಪವನ್ನು, ಹದಿನೈದು ನೂರು ವರ್ಷಗಳ ಹಿಂದೆ ಇದೇ ಖಾನಾಪುರದ ಮಣ್ಣಿನಲ್ಲಿ ತಾಮ್ರದ ಮೇಲೆ ಕೆತ್ತುತ್ತಿದ್ದರು. ತರಗತಿಯಲ್ಲಿ ಸುಮ್ಮನೆ ಕುಳಿತಿದ್ದ ಆ ಹಳ್ಳಿಯ ಹುಡುಗನಿಗೇ ಅಂದು ಮಾರ್ಗದರ್ಶಕನ ಕೆಲಸ ಕೊಟ್ಟಿದ್ದೆ. ಎಂಟು ದಿನ ತಯಾರಿ ಮಾಡಿಕೊಂಡು ಬಂದಿದ್ದ. ಕನ್ನಡದಲ್ಲಿ ಮಾತನಾಡಲು ಸದಾ ಹಿಂಜರಿಯುತ್ತಿದ್ದವನು ಗುಡಿಯ ಮುಂದೆ ನಿಂತು ಕಾಲು ತಾಸು ಕನ್ನಡದಲ್ಲಿಯೇ ವಿವರಿಸಿದ. ನಡುವೆ ತಡವರಿಸಿದಾಗ ಊರಿನ ಅಜ್ಜಿಯೊಬ್ಬಳು ಮರಾಠಿಯಲ್ಲಿ ಶಬ್ದ ಎತ್ತಿಕೊಟ್ಟಳು!

ನಡಿಗೆ ಮಾಡಬಯಸುವವರಿಗೆ

ಇಂಥ ನಡಿಗೆಗೆ ದೊಡ್ಡ ಖರ್ಚು ಬೇಕಿಲ್ಲ. ನನ್ನ ಅನುಭವದಿಂದ ಕೆಲವು ಸೂಚನೆಗಳನ್ನು ಹೇಳುತ್ತೇನೆ. ಗುಂಪು ಹನ್ನೆರಡಕ್ಕಿಂತ ದೊಡ್ಡದಿರಬಾರದು. ಕೂಗದೆ ಹೇಳಿದ ಮಾತು ಕೊನೆಯವನಿಗೂ ಕೇಳಿಸಬೇಕು. ಎರಡು ಮಾಧ್ಯಮಗಳ ಮಕ್ಕಳನ್ನು ಕೂಡಿಸಿರಿ. ಐದು ನಿಲ್ದಾಣಗಳು ಸಾಕು. ಪ್ರತಿ ನಿಲ್ದಾಣವನ್ನು ಇಬ್ಬರು ವಿದ್ಯಾರ್ಥಿಗಳು ಮೊದಲೇ ಓದಿಕೊಂಡು ಬಂದು ವಿವರಿಸಲಿ, ಶಿಕ್ಷಕರು ತಿದ್ದಲಿ. ಕೋಟೆಯ ಬಹುಭಾಗ ಸೇನೆಯ ವಶದಲ್ಲಿರುವುದರಿಂದ ಮೊದಲೇ ವಿಚಾರಿಸಿ ಅನುಮತಿ ಪಡೆಯಿರಿ, ಬೇಡವೆಂದ ಕಡೆ ಫೋಟೋ ತೆಗೆಯಬೇಡಿರಿ. ಶಾಸನದ ಅಕ್ಷರ ಚೆನ್ನಾಗಿ ಕಾಣಲೆಂದು ಸುಣ್ಣ, ಸೀಮೆಸುಣ್ಣ ಹಚ್ಚಬಾರದು. ಯಾವ ಪ್ರಾರ್ಥನಾಲಯಕ್ಕೆ ಹೋದರೂ ಅಲ್ಲಿಯ ಮರ್ಯಾದೆ ಪಾಲಿಸಬೇಕು. ಮರಳಿ ಬಂದ ಮೇಲೆ ಪ್ರತಿಯೊಬ್ಬರೂ ಕನ್ನಡದಲ್ಲಿ ಒಂದು ಪುಟ, ಉರ್ದು ಬಲ್ಲವರು ಉರ್ದುವಿನಲ್ಲಿ ಇನ್ನೊಂದು ಪುಟ ಬರೆಯಲಿ. ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎಂದು ಒಪ್ಪಿಕೊಂಡು ಮುಂದಿನ ವಾರ ಉತ್ತರ ತರುವುದು ಶಿಕ್ಷಕನಿಗೆ ಅವಮಾನವಲ್ಲ. ಬಸ್ಸಿನ ನೆಪ ಹೇಳಿ ಓಡಿಹೋಗುವುದು ಅವಮಾನ ಎಂಬುದನ್ನು ನಾನು ತಡವಾಗಿ ಕಲಿತೆ.

2012ರಲ್ಲಿ ಬೆಳಗಾವಿಯಲ್ಲಿ ಸುವರ್ಣ ವಿಧಾನಸೌಧ ಉದ್ಘಾಟನೆಯಾಯಿತು. ನಮ್ಮೂರು ರಾಜ್ಯದ ಎರಡನೆಯ ರಾಜಧಾನಿಯಂತಾಯಿತು ಎಂದು ಜನ ಹೆಮ್ಮೆಪಟ್ಟರು. ಆ ಹೆಮ್ಮೆ ಇರಲಿ. ಆದರೆ ಊರು ರಾಜಧಾನಿಯಾಗುವುದೂ, ಆ ಪಟ್ಟ ಕಳೆದುಕೊಳ್ಳುವುದೂ ಆಳುವವರ ಕೈಯಲ್ಲಿದೆ. ಅದರ ಕಲ್ಲುಗಳನ್ನು ಓದುವುದು ಮಾತ್ರ ನಮ್ಮ ಕೈಯಲ್ಲಿದೆ. ಓದಬಲ್ಲ ಮಗುವಿಗೆ "ಈ ಊರು ನಿನ್ನದಲ್ಲ" ಎಂದು ಯಾರೂ ಹೇಳಲಾರರು.

ಕಳೆದ ವಾರ ಮತ್ತೆ ಅದೇ ಪ್ರಶ್ನೆಯನ್ನು ಹೊಸ ತರಗತಿಯಲ್ಲಿ ಕೇಳಿದೆ. ದೆಹಲಿ, ಹಂಪಿ, ಬಿಜಾಪುರ ಬಂದವು. ಹಿಂದಿನ ಬೆಂಚಿನಿಂದ ಒಂದು ಸಣ್ಣ ಧ್ವನಿ, "ಹಲಸಿ ಸರ್, ನಮ್ಮಣ್ಣ ಹೇಳ್ಯಾನ" ಎಂದಿತು. ಮುಂದಿನ ಭಾನುವಾರಕ್ಕೆ ಹನ್ನೆರಡು ಹೆಸರು ಬರೆದುಕೊಂಡಿದ್ದೇನೆ. ಆ ಸಣ್ಣ ಧ್ವನಿಯದು ಮೊದಲ ಹೆಸರು.